ಅಳುವ ಮುದುಕಿ, ಐದು ಸೆಕೆಂಡು

ನಮ್ಮ ದೊಡ್ಡವ್ವ ತೀರಿಕೊಂಡದ್ದು 2016ರಲ್ಲಿ. 2019ರ ಆಗಸ್ಟಿನಲ್ಲಿ ಆಕೆ ಮತ್ತೆ ಟಿ.ವಿ.ಯಲ್ಲಿ ಅತ್ತಳು.

ಹೀಗೆ ಬರೆದರೆ ದೆವ್ವದ ಕಥೆಯ ಹಾಗೆ ಕಾಣುತ್ತದೆ. ಆದರೆ ನಡೆದದ್ದು ಹೀಗೆಯೆ. ಆ ವರ್ಷ ಮಲಪ್ರಭೆ ದಂಡೆ ಮೀರಿ ಹರಿದಿತ್ತು. ಹೊಳೆಯ ಪಕ್ಕದ ನಮ್ಮ ತವರೂರು ಅರ್ಧ ನೀರಿನಲ್ಲಿತ್ತು. ದೊಡ್ಡವ್ವನ ಸೊಸೆ, ಅಂದರೆ ನಮ್ಮ ವೈನಿ, ಎರಡು ಗಂಟು ಅರಿವೆ ಕಟ್ಟಿಕೊಂಡು ಧಾರವಾಡದ ನಮ್ಮ ಮನೆಗೆ ಬಂದು ಇಳಿದಿದ್ದಳು. ಕರೆಂಟು ಬಂದಾಗಲೆಲ್ಲ ನಾವು ಟಿ.ವಿ. ಮುಂದೆ ಕೂತು, ನಮ್ಮೂರಿನ ಅಗಸಿ ಕಂಡೀತೆ, ಗುಡಿಯ ಕಟ್ಟೆ ಕಂಡೀತೆ ಎಂದು ಕಣ್ಣು ಹಾಯಿಸುತ್ತಿದ್ದೆವು. ಕಂಡದ್ದು ದೊಡ್ಡವ್ವ. ತಲೆಯ ಮೇಲೆ ಸೆರಗು, ಎತ್ತಿದ ಒಂದು ಕೈ, ಅಗಲವಾಗಿ ತೆರೆದ ಬಾಯಿ, ಹಿಂದೆ ಕುಸಿದ ಮಣ್ಣಿನ ಗೋಡೆ. ಅದರ ಮೇಲೆ ಕರುಳು ಹಿಂಡುವಂಥ ಶಹನಾಯಿ. ಕೆಳಗೆ ಆ ದಿನದ ಸುದ್ದಿ ಓಡುತ್ತಿತ್ತು. ಐದು ಸೆಕೆಂಡು ಅಷ್ಟೆ. ಮುಂದೆ ದೋಣಿಯ ಚಿತ್ರ ಬಂತು.

ನಾನು ಸಿಟ್ಟಿನಿಂದ ಆರಿಸಲು ಎದ್ದೆ. ವೈನಿ ನನ್ನ ಕೈ ಹಿಡಿದಳು. "ಇರ್ಲಿ ಬಿಡು, ಆರಸಬ್ಯಾಡ. ತಾಸಿಗೊಮ್ಮೆ ಅದನ್ನ ಹಾಕತಾರ. ನಮ್ಮತ್ತಿ ಇನ್ನೊಮ್ಮೆ ಬರತಾರ," ಅಂದಳು.

ಆ ಚಿತ್ರ 2009ರ ಅಕ್ಟೋಬರಿನದು. ಉತ್ತರ ಕರ್ನಾಟಕದವರು ಯಾರೂ ಮರೆಯದ ನೆರೆ ಅದು. ಹಳ್ಳಿಗೆ ಹಳ್ಳಿಯೇ ಕೆಸರಾಗಿದ್ದಾಗ ಒಂದು ವಾಹಿನಿಯ ಹುಡುಗ ಕ್ಯಾಮೆರಾ ಹೊತ್ತು ನಮ್ಮೂರಿಗೆ ಬಂದಿದ್ದ. ಮರುದಿನ ಊರ ತುಂಬ ಸುದ್ದಿ: ನಿಂಗವ್ವ ಟಿ.ವಿ.ಯಾಗ ಅತ್ತಾಳಂತ! ದೊಡ್ಡವ್ವನಿಗೆ ಇದರಿಂದ ಆದ ಅವಮಾನ ಮನೆ ಬಿದ್ದದ್ದರಿಂದಲೂ ಆಗಿರಲಿಲ್ಲ. ಎರಡು ಸಾವು ಕಂಡ ಮನೆಯಲ್ಲಿ ಮಂದಿಯ ಮುಂದೆ ಕಣ್ಣೀರು ಹಾಕದ ಹೆಂಗಸು ಆಕೆ. "ನಾ ಎಲ್ಲಿ ಅತ್ತೀನವ್ವಾ? ತಮ್ಮಾ, ಆ ಡಬ್ಬಿ ಕೆಳಗಿಡು, ಎಮ್ಮಿ ಹಗ್ಗ ಹಿಡಿ ಅಂತ ಒದರಾಕ ಹತ್ತಿದ್ನಿ. ಹಿಡೀಲಿಲ್ಲ ಮೂಳ," ಎಂದು ಹೋದಬಂದವರಿಗೆಲ್ಲ ಹೇಳಿದಳು. ಧ್ವನಿ ತೆಗೆದು ಶಹನಾಯಿ ಹಾಕಿದ್ದರಲ್ಲ, ಒದರಿದ್ದು ಅತ್ತ ಹಾಗೆ ಕಂಡಿತು.

ಆಮೇಲೆ ಆಕೆ ಎಷ್ಟು ಸಲ ಬಂದಳೋ ಲೆಕ್ಕವಿಲ್ಲ. ಪರಿಹಾರ ಸಿಗಲಿಲ್ಲ ಎಂಬ ಚರ್ಚೆಯಲ್ಲಿ ಬಂದಳು. ಬೇರೆ ಜಿಲ್ಲೆಯಲ್ಲಿ ಹೊಳೆ ಬಂದಾಗ ಬಂದಳು. ಒಮ್ಮೆ ಬರಗಾಲದ ಕಾರ್ಯಕ್ರಮದಲ್ಲೂ ಬಂದಳು ನೋಡಿ! ಹಿಂದಿನ ನೀರು ಕಾಣದ ಹಾಗೆ ಮುಖವನ್ನಷ್ಟೇ ದೊಡ್ಡದು ಮಾಡಿದ್ದರು. ಅದನ್ನು ಕಂಡು ದೊಡ್ಡವ್ವ ನಕ್ಕದ್ದೂ ಉಂಟು. "ಮಳಿ ಬಂದ್ರೂ ನಾನ ಅಳಬೇಕು, ಬರಲಿಲ್ಲಂದ್ರೂ ನಾನ ಅಳಬೇಕು."

ಆಕೆಯ ಮೊಮ್ಮಗಳು, ವೈನಿಯ ಮಗಳು, ಈಗ ಬೆಂಗಳೂರಿನಲ್ಲಿ ಬೇರೊಂದು ವಾಹಿನಿಯ ಸಂಕಲನದ ಕೋಣೆಯಲ್ಲಿ ಕೆಲಸ ಮಾಡುತ್ತಾಳೆ. ನನ್ನ ಸಿಟ್ಟೆಲ್ಲ ಅವಳ ಮೇಲೆ ಹೋಯಿತು. ಅವಳು ಜಗಳ ಆಡಲಿಲ್ಲ. ಕೆಲಸ ಹೇಗೆ ನಡೆಯುತ್ತದೆ ಎಂದು ಹೇಳಿದಳು. ಸುದ್ದಿ ಓದಲು ಹತ್ತು ನಿಮಿಷವಿರುತ್ತದೆ, ಹೊಸ ಚಿತ್ರ ಇನ್ನೂ ಬಂದಿರುವುದಿಲ್ಲ, ತೆರೆ ಖಾಲಿ ಬಿಡುವ ಹಾಗಿಲ್ಲ. ಆಗ ಕಂಪ್ಯೂಟರಿನಲ್ಲಿ ಹಳೆಯದನ್ನು ಹುಡುಕುತ್ತಾರೆ. "ಅತ್ತಿ, ಅಳೂ ಮುದುಕಿ ಬೇಕಂದ್ರ ಅಳೂ ಮುದುಕಿ ಅಂತನ ಹುಡುಕತೀವಿ. ಯಾರು, ಯಾವ ಊರು ಅಂತ ಬರದಿದ್ರಲ್ಲ ಸಿಗೂದು?" ಫೈಲ್ ಶಾಟ್ ಎಂದು ಅದಕ್ಕೆ ಹೆಸರು. ಮನಸ್ಸಿದ್ದವರು ಮೂಲೆಯಲ್ಲಿ 'ಸಂಗ್ರಹ ಚಿತ್ರ' ಎಂದು ಇರುವೆಯಷ್ಟು ಅಕ್ಷರದಲ್ಲಿ ಹಾಕುತ್ತಾರೆ. ಮನಸ್ಸಿಲ್ಲದವರು ಅದನ್ನೂ ಹಾಕುವುದಿಲ್ಲ.

ಮುಂದಿನ ಸಲ ಊರಿಗೆ ಬಂದಾಗ ಆ ಹುಡುಗಿ ಒಂದು ಪೆನ್‌ಡ್ರೈವ್ ಕೊಟ್ಟು, "ಬೈಯೋದಿದ್ರ ಇವನ್ನ ನೋಡಿ ಬೈಯಿರಿ," ಅಂದಳು. ಅದರಲ್ಲಿ ಎರಡು ಚಿತ್ರಗಳಿದ್ದವು. ಎರಡನ್ನೂ ಮಾಡಿದವರು ಹೆಂಗಸರು. ಎರಡೂ ಯಾರೋ ತೆಗೆದಿಟ್ಟ ಹಳೆಯ ರೀಲುಗಳಿಂದ ಕಟ್ಟಿದಂಥವು. ನಾನು ಸಿನಿಮಾ ಪಂಡಿತಳಲ್ಲ. ಆದರೆ ಮನೆಯ ಮುದುಕಿಯನ್ನು ಫೈಲ್ ಶಾಟ್ ಆಗಿ ಕಂಡವಳಿಗೆ ಇಂಥ ಚಿತ್ರ ನೋಡಲು ಒಂದು ಕಣ್ಣು ತಾನಾಗಿ ಬಂದಿರುತ್ತದೆ.

ಮೊದಲನೆಯದು 1927ರ ರಷ್ಯನ್ ಚಿತ್ರ, 'ರೊಮಾನೊವ್ ವಂಶದ ಪತನ'. ಮಾಡಿದಾಕೆ ಎಸ್ಫಿರ್ ಶುಬ್. 1894ರಲ್ಲಿ ಹುಟ್ಟಿದ ಈಕೆ ಮೊದಲು ಮಾಡುತ್ತಿದ್ದದ್ದು ಹೊರದೇಶದ ಸಿನಿಮಾಗಳನ್ನು ಸೋವಿಯತ್ ಪ್ರೇಕ್ಷಕರಿಗೆ ತಕ್ಕ ಹಾಗೆ ಕತ್ತರಿಸಿ ಮತ್ತೆ ಜೋಡಿಸುವ ಕೆಲಸ. ಮುಂದೆ ಜಗತ್ಪ್ರಸಿದ್ಧನಾದ ಐಸೆನ್‌ಸ್ಟೈನ್ ಕತ್ತರಿ ಹಿಡಿಯುವುದನ್ನು ಕಲಿತದ್ದು ಈಕೆಯ ಮೇಜಿನ ಪಕ್ಕ ಕೂತು. ಆ ಕಾಲದಲ್ಲಿ ಎಷ್ಟೋ ದೇಶಗಳಲ್ಲಿ ರೀಲು ಕತ್ತರಿಸಿ ಅಂಟಿಸುವ ಕೆಲಸ ಹೆಂಗಸರದೇ ಆಗಿತ್ತು. ಹೊಲಿಗೆಯ ಹಾಗೆ ಅದೂ ಕೈಗೆಲಸ, ಹೆಂಗಸರಿಗೆ ಒಪ್ಪುತ್ತದೆ ಎಂದುಕೊಂಡಿದ್ದರು. ಅದು ಕಲೆ, ಅದಕ್ಕೆ ಹೆಸರೂ ದುಡ್ಡೂ ಉಂಟು ಎಂದು ಗೊತ್ತಾದ ಮೇಲೆ ಗಂಡಸರು ಬಂದು ಕೂತರು. ಇದು ಯಾವ ಕೆಲಸದಲ್ಲಿ ಆಗಿಲ್ಲ ಹೇಳಿ.

ರಷ್ಯದ ದೊರೆ ಎರಡನೆಯ ನಿಕೊಲಸನಿಗೆ ಸಿನಿಮಾದ ಹುಚ್ಚಿತ್ತು. ಅರಮನೆಯ ಮೆರವಣಿಗೆ, ಮಕ್ಕಳು, ಹಡಗಿನ ವಿಹಾರ ಎಲ್ಲವನ್ನೂ ಆಸ್ಥಾನದ ಕ್ಯಾಮೆರಾದವರು ತೆಗೆದಿಡುತ್ತಿದ್ದರು. ಮನೆಯವರು ಕೂತು ನೋಡಿ ಸಂತೋಷಪಡಲೆಂದು. ಕ್ರಾಂತಿಯಾಗಿ ಅರಸೊತ್ತಿಗೆ ಹೋದ ಮೇಲೆ ಆ ರೀಲುಗಳು ತೇವದ ನೆಲಮಾಳಿಗೆಗಳಲ್ಲಿ ಕೊಳೆಯುತ್ತ ಬಿದ್ದಿದ್ದವು. ಶುಬ್ 1926ರ ಬೇಸಿಗೆಯಲ್ಲಿ ಲೆನಿನ್‌ಗ್ರಾಡಿಗೆ ಹೋಗಿ ಎರಡು ತಿಂಗಳಲ್ಲಿ ಸುಮಾರು 60,000 ಮೀಟರ್ ರೀಲು ನೋಡಿದಳು. ಅದರಲ್ಲಿ 5,200 ಮೀಟರ್ ಆರಿಸಿಕೊಂಡು ಮಾಸ್ಕೋಗೆ ಬಂದಳು. 60,000 ಮೀಟರ್ ಅಂದರೆ ಧಾರವಾಡದಿಂದ ಹುಬ್ಬಳ್ಳಿಗೆ ಹೋಗಿ ಬಂದು ಮತ್ತೊಮ್ಮೆ ಹೋದಷ್ಟು ಉದ್ದ! ಅಷ್ಟನ್ನೂ ಕಣ್ಣಿನಿಂದ ನೋಡಿದವಳು ಅವಳು. ಹುಡುಕುವ ಪದವನ್ನು ಒತ್ತಿ ಪಡೆದವಳಲ್ಲ.

ಆ ಚಿತ್ರದಲ್ಲಿ ಎಲ್ಲರೂ ಹೇಳುವ ಒಂದು ಜಾಗವಿದೆ. ಹಡಗಿನ ಅಟ್ಟದ ಮೇಲೆ ಬಿಳಿ ಉಡುಪಿನ ರಾಜಮನೆತನದವರು ಕುಣಿಯುತ್ತಾರೆ. ಕುಣಿದು ದಣಿದು ಬೆವರು ಒರೆಸಿಕೊಳ್ಳುತ್ತಾರೆ. ಮರುಗಳಿಗೆ ಮಣ್ಣು ಅಗೆಯುವ ರೈತರು. ಅವರಿಗೂ ಬೆವರು. ಶುಬ್ ಬೇರೇನೂ ಹೇಳುವುದಿಲ್ಲ. ನನಗೆ ಈ ಜಾಗದಲ್ಲಿ ಬಾಯಿಬಿಟ್ಟು ನಗು ಬಂತು, ಆಮೇಲೆ ಅನುಮಾನ ಬಂತು. ಆ ರೈತರು ಅಗೆದದ್ದು ಅದೇ ದಿನವಲ್ಲ, ಅದೇ ಊರಲ್ಲ. ಹಡಗಿನ ಚಿತ್ರ ತೆಗೆದವನು ಕುಣಿತದ ಸೊಗಸು ತೋರಿಸಲು ತೆಗೆದ. ಶುಬ್ ಅದನ್ನು ತಿರುವಿ ಆ ಮನೆತನದ ಮುಖಕ್ಕೇ ಹಿಡಿದಳು. ಹಾಗಿದ್ದರೆ ಇದೂ ನಮ್ಮ ದೊಡ್ಡವ್ವನಿಗೆ ಮಾಡಿದಂಥದ್ದೇ ಅಲ್ಲವೆ?

ಎರಡನೆಯ ಸಲ ನೋಡಿದೆ. ಶುಬ್ ತುಣುಕನ್ನು ಗಬಕ್ಕನೆ ಕತ್ತರಿಸುವುದಿಲ್ಲ. ನಿಮಗೆ ನೋಡಲು ಹೊತ್ತು ಕೊಡುತ್ತಾಳೆ. ಹಿಂದೆ ನಿಂತ ಸೇವಕನ ಕೈ, ಅರಸನ ಹೊರಳು ನೋಟ ನಮ್ಮ ಕಣ್ಣಿಗೆ ತಾವಾಗಿ ಬೀಳುವವರೆಗೆ ಕಾಯುತ್ತಾಳೆ. ಇದು ಹಳೆಯದು, ಇವರು ಹೋದವರು ಎಂಬುದನ್ನು ಎಲ್ಲೂ ಮುಚ್ಚುವುದಿಲ್ಲ. ಚಿತ್ರದ ಹೆಸರೇ ಅದಲ್ಲವೆ. ವಾಹಿನಿಯ ಐದು ಸೆಕೆಂಡು ಮಾತ್ರ 'ಈಗ, ಇಲ್ಲಿ' ಎಂದು ಹೇಳುತ್ತದೆ. ಆದರೂ ಶುಬ್‌ಳನ್ನು ಪೂರ್ತಿ ಬಿಟ್ಟುಕೊಡಲಾರೆ. ಕ್ರಾಂತಿಯ ಹತ್ತನೆಯ ವರ್ಷಕ್ಕೆಂದು ಸರಕಾರದ ಸಂಸ್ಥೆಯಲ್ಲಿ ಕಟ್ಟಿದ ಚಿತ್ರವದು, ಹೊಸ ಧಣಿಗಳಿಗೆ ಒಪ್ಪುವಂಥದ್ದು. ಅರಸನ ಮನೆಯವರಿಗೆ ಹೆಸರುಗಳಿವೆ. ಮಣ್ಣು ಅಗೆದವರು ಅಲ್ಲಿಯೂ ಬರೀ ರೈತರು.

ಎರಡನೆಯ ಚಿತ್ರ ನೋಡಿದ ರಾತ್ರಿ ನನಗೆ ನಿದ್ದೆ ಬರಲಿಲ್ಲ. 2010ರಲ್ಲಿ ಇಸ್ರೇಲಿನ ಯಾಯೆಲ್ ಹೆರ್ಸೋನ್ಸ್ಕಿ ಮಾಡಿದ ಸಾಕ್ಷ್ಯಚಿತ್ರ ಅದು, 'ಎ ಫಿಲ್ಮ್ ಅನ್‌ಫಿನಿಶ್ಡ್', ಮುಗಿಯದ ಚಿತ್ರ. ಆ ವರ್ಷದ ಸನ್‌ಡ್ಯಾನ್ಸ್ ಚಿತ್ರೋತ್ಸವದಲ್ಲಿ ಅದರ ಸಂಕಲನಕ್ಕೆ ಬಹುಮಾನ ಬಂತು.

ಹಿನ್ನೆಲೆ ಇಷ್ಟು. ಪೋಲೆಂಡನ್ನು ಹಿಡಿದ ನಾಜಿಗಳು 1940ರ ನವೆಂಬರಿನಲ್ಲಿ ವಾರ್ಸಾ ನಗರದ ಒಂದು ಭಾಗಕ್ಕೆ ಗೋಡೆ ಎತ್ತಿ ಮುಚ್ಚಿ, ನಾಲ್ಕು ಲಕ್ಷಕ್ಕೂ ಮಿಕ್ಕಿ ಯಹೂದಿಗಳನ್ನು ಅದರೊಳಗೆ ಒತ್ತರಿಸಿದರು. ಅದಕ್ಕೆ ಗೆಟ್ಟೊ ಎನ್ನುತ್ತಾರೆ. ಹಸಿವು, ಟೈಫಸ್ ಜ್ವರ, ಬೀದಿಯಲ್ಲಿ ಹೆಣ. 1942ರ ಮೇ ತಿಂಗಳಲ್ಲಿ ಜರ್ಮನ್ ಕ್ಯಾಮೆರಾದವರು ಒಳಗೆ ಬಂದು ಸುಮಾರು ಮೂವತ್ತು ದಿನ ಚಿತ್ರ ತೆಗೆದರು. ಜುಲೈ 22ರಿಂದ ಅಲ್ಲಿನ ಜನರನ್ನು ರೈಲು ಹತ್ತಿಸಿ ಟ್ರೆಬ್ಲಿಂಕಾದ ಕೊಲೆಮನೆಗೆ ಸಾಗಿಸುವುದು ಶುರುವಾಯಿತು. ಎರಡು ತಿಂಗಳಲ್ಲಿ ಹೋದವರು ಎರಡೂವರೆ ಲಕ್ಷಕ್ಕೂ ಹೆಚ್ಚು. ಅಂದರೆ ಆ ರೀಲಿನಲ್ಲಿ ನಡೆದಾಡುವವರಲ್ಲಿ ಬಹುತೇಕರು ಆ ಮಳೆಗಾಲ ಕಳೆಯುವಷ್ಟರಲ್ಲಿ ಇರಲಿಲ್ಲ.

1954ರಲ್ಲಿ ಪೂರ್ವ ಜರ್ಮನಿಯ ಉಗ್ರಾಣವೊಂದರಲ್ಲಿ ಆ ರೀಲುಗಳು ಸಿಕ್ಕವು. ಸುಮಾರು ಒಂದು ತಾಸಿನಷ್ಟು. ಧ್ವನಿಯಿಲ್ಲ, ತೆಗೆದವರ ಹೆಸರಿಲ್ಲ. ಡಬ್ಬಿಯ ಮೇಲೆ 'ಗೆಟ್ಟೊ' ಎಂಬುದೊಂದೇ ಮಾತು. ಆಮೇಲೆ ಎಷ್ಟೋ ದಶಕ ಸಾಕ್ಷ್ಯಚಿತ್ರಗಳವರೂ ವಸ್ತುಸಂಗ್ರಹಾಲಯಗಳವರೂ ಅದರ ತುಣುಕುಗಳನ್ನು ಎತ್ತಿ ಎತ್ತಿ ಬಳಸಿದರು, ಗೆಟ್ಟೊದ ಬದುಕು ಹೀಗಿತ್ತು ಎಂದು. 1998ರಲ್ಲಿ ಅಮೆರಿಕದ ಒಂದು ವಾಯುನೆಲೆಯಲ್ಲಿ ಇನ್ನೊಂದು ರೀಲು ಸಿಕ್ಕಿತು. ಅದು ಕತ್ತರಿಸಿ ಬಿಸಾಕಿದ ಚೂರುಗಳದು. ನೋಡಿದರೆ ಅದೇ ಬೀದಿ, ಅದೇ ಜನ, ಅದೇ ನಡಿಗೆ, ಮತ್ತೊಮ್ಮೆ, ಮಗದೊಮ್ಮೆ. ಚೆಂದ ಉಟ್ಟ ಹೆಂಗಸು ಭಿಕ್ಷೆ ಬೇಡುವ ಮಗುವನ್ನು ನೋಡದೆ ದಾಟಿಹೋಗಬೇಕು. ಸರಿ ಬರಲಿಲ್ಲ, ಮತ್ತೆ ದಾಟಬೇಕು. ಕೆಲವೆಡೆ ಕ್ಯಾಮೆರಾ ಹಿಡಿದವನೇ ಚೌಕಟ್ಟಿನೊಳಗೆ ಸಿಕ್ಕಿಬಿದ್ದಿದ್ದಾನೆ. ಉಳ್ಳ ಯಹೂದಿಗಳು ಔತಣ ಉಣ್ಣುತ್ತಿದ್ದರು, ತಮ್ಮವರೇ ಸತ್ತರೂ ತಿರುಗಿ ನೋಡಲಿಲ್ಲ ಎಂದು ತೋರಿಸಲು ಕಟ್ಟಿದ ಆಟ ಅದು. ಹೆಣಗಳು ಮಾತ್ರ ಆಟದವಲ್ಲ.

ಹೆರ್ಸೋನ್ಸ್ಕಿ ಮಾಡಿದ್ದೇನೆಂದರೆ, ಆ ರೀಲುಗಳನ್ನು ಬೇರೆ ಕಥೆಗೆ ತುಣುಕಾಗಿ ಬಳಸಲಿಲ್ಲ. ರೀಲನ್ನೇ ಕಥೆ ಮಾಡಿದಳು. ಇದನ್ನು ತೆಗೆದವನು ಯಾರು, ಯಾರು ಹೇಳಿ ತೆಗೆಸಿದರು, ಚೌಕಟ್ಟಿನ ಆಚೆ ಏನಿತ್ತು ಎಂದು ಒಂದೊಂದೇ ಕೇಳುತ್ತ ಹೋಗುತ್ತಾಳೆ. ಗೆಟ್ಟೊದ ಯಹೂದಿ ಮಂಡಲಿಯ ಮುಖ್ಯಸ್ಥ ಆಡಮ್ ಚೆರ್ನಿಯಾಕೊವ್ ಆ ದಿನಗಳಲ್ಲಿ ದಿನಚರಿ ಬರೆಯುತ್ತಿದ್ದ. ಕ್ಯಾಮೆರಾದವರು ತನ್ನ ಕಚೇರಿಗೆ ಬಂದು ಗೋಡೆಯ ಪಟಗಳನ್ನು ಇಳಿಸಿ, ಮೇಜಿನ ಮೇಲೆ ಒಂಬತ್ತು ಕೊಂಬಿನ ದೀಪದ ಕಂಬ ತಂದು ಹಚ್ಚಿಟ್ಟರು ಎಂದು ಅದರಲ್ಲಿದೆ. ಆ ಮಾತು ಕೇಳುತ್ತ ಆ ದೀಪವನ್ನು ನೋಡುತ್ತೇವೆ. ಸಾಗಣೆ ಶುರುವಾದ ಮರುದಿನ, ಜುಲೈ 23ರಂದು, ಅವನು ಜೀವ ತೆಗೆದುಕೊಂಡ.

ಎಲ್ಲಕ್ಕಿಂತ ದೊಡ್ಡ ಕೆಲಸವೆಂದರೆ, ಗೆಟ್ಟೊದಿಂದ ಬದುಕಿ ಬಂದ ಐದು ಜನ ವೃದ್ಧರನ್ನು ಒಬ್ಬೊಬ್ಬರನ್ನಾಗಿ ಕತ್ತಲೆಯ ಟಾಕೀಸಿನಲ್ಲಿ ಕೂಡಿಸಿ ಆ ರೀಲು ತೋರಿಸುತ್ತಾಳೆ. ನಾವು ರೀಲನ್ನೂ ನೋಡುತ್ತೇವೆ, ನೋಡುವವರ ಮುಖವನ್ನೂ ನೋಡುತ್ತೇವೆ. ತೆರೆಯ ಮೇಲೆ ಒಂದು ಸಿರಿವಂತ ಮನೆ, ಮೇಜು, ಅದರ ಮೇಲೆ ಹೂದಾನಿ. ಒಬ್ಬ ಅಜ್ಜಿ ನಕ್ಕುಬಿಡುತ್ತಾರೆ: ಹೂವೆಲ್ಲಿತ್ತು, ಹೂವು ಸಿಕ್ಕಿದ್ದರೆ ತಿಂದೇ ಬಿಡುತ್ತಿದ್ದೆವಲ್ಲ ಎನ್ನುತ್ತಾರೆ. ಇಷ್ಟು ವರ್ಷ ಪಂಡಿತರು, ಉಗ್ರಾಣದವರು, ಸಿನಿಮಾದವರು ಕಂಡೂ ಕಾಣದ ಹೂವು ಅದು! ಒಂದು ಮನೆ ನಡೆಸುವವಳಿಗೆ ಮೇಜಿನ ಮೇಲೆ ಏನಿರಲು ಸಾಧ್ಯ, ಏನಿರಲು ಸಾಧ್ಯವಿಲ್ಲ ಎಂದು ಗೊತ್ತಿರುತ್ತದೆ. ಇದೇ ಸಾಕ್ಷಿ.

ಇನ್ನೊಬ್ಬರು, ಈ ಗುಂಪಿನಲ್ಲಿ ನನ್ನ ತಾಯಿ ನಡೆದುಹೋಗುವುದು ಕಂಡೀತೇನೋ ಎಂದು ನೋಡುತ್ತಿದ್ದೇನೆ ಎನ್ನುತ್ತಾರೆ. ಕಾಣಲಿ ಎಂದೋ ಕಾಣದಿರಲಿ ಎಂದೋ ಆ ಧ್ವನಿಯಿಂದ ಹೇಳಲು ಬರುವುದಿಲ್ಲ. ಇಲ್ಲಿ ನಾನು ಚಿತ್ರ ನಿಲ್ಲಿಸಿ ಅಡಿಗೆಮನೆಗೆ ಹೋಗಿ ನೀರು ಕುಡಿದು ಬಂದೆ. ನನ್ನ ಕೈ ಹಿಡಿದ ವೈನಿ ನೆನಪಾಗಿದ್ದಳು. ದೊಡ್ಡವ್ವನ ಫೋಟೋಗಳು ಮನೆಯಲ್ಲಿ ಎರಡಿವೆ. ಮದುವೆಯ ವೀಡಿಯೋದಲ್ಲಿ ಆಕೆ ಕಾಣುವುದು ಬೆನ್ನು ಮಾತ್ರ, ಹಿಟ್ಟು ನಾದುತ್ತ. ಕೈ ಎತ್ತುವ, ತುಟಿ ಆಡಿಸುವ ದೊಡ್ಡವ್ವ ಇರುವುದು ಆ ಐದು ಸೆಕೆಂಡಿನಲ್ಲಿಯೇ. ಆಕೆಯ ಮಾನ ಕಳೆದ ಚಿತ್ರವೇ ಆಕೆಯನ್ನು ಉಳಿಸಿಕೊಂಡ ಚಿತ್ರವೂ ಆಯಿತಲ್ಲ, ಇದಕ್ಕೆ ಏನೆನ್ನಬೇಕು?

ಹೆರ್ಸೋನ್ಸ್ಕಿಯ ಮೇಲೂ ನನಗೆ ತಕರಾರಿದೆ. ಕ್ಯಾಮೆರಾದವರಲ್ಲಿ ಒಬ್ಬನಾದ ವಿಲ್ಲಿ ವಿಸ್ಟ್ ಎಂಬವನು ಯುದ್ಧವಾಗಿ ಎಷ್ಟೋ ವರ್ಷದ ಮೇಲೆ ವಿಚಾರಣೆಯಲ್ಲಿ ಕೊಟ್ಟ ಹೇಳಿಕೆಯನ್ನು ಒಬ್ಬ ನಟನಿಂದ ಆಡಿಸಿದ್ದಾಳೆ. ಅರೆಗತ್ತಲು, ತಿರುಗುವ ಧ್ವನಿಮುದ್ರಣ ಯಂತ್ರ, ಸಿಗರೇಟು. ಕಟ್ಟಿದ ದೃಶ್ಯಗಳ ಸುಳ್ಳನ್ನು ಬಿಚ್ಚುವ ಚಿತ್ರದಲ್ಲಿ ಮತ್ತೊಂದು ಕಟ್ಟಿದ ದೃಶ್ಯ ಏಕೆ ಬೇಕಿತ್ತು? ಆ ಮಾತನ್ನು ಓದಿಸಿದ್ದರೆ ಸಾಕಿತ್ತು.

ಅದಕ್ಕಿಂತ ದೊಡ್ಡದು ಸ್ನಾನದ ದೃಶ್ಯ. ಯಹೂದಿ ಹೆಂಗಸರು ಶುದ್ಧಿಗಾಗಿ ಮೀಯುವ ಕೊಳಕ್ಕೆ ಹೆಂಗಸರನ್ನು ಎಳೆತಂದು, ಬೆತ್ತಲೆ ಮಾಡಿ, ಅಪರಿಚಿತ ಗಂಡಸರ ಜೊತೆ ನೀರಿಗಿಳಿಸಿ ಚಿತ್ರ ತೆಗೆದಿದ್ದಾರೆ. ಹೆರ್ಸೋನ್ಸ್ಕಿ ಅದನ್ನು ತೋರಿಸುತ್ತಾಳೆ. ಅದು ಬಲಾತ್ಕಾರ ಎಂದು ನಮಗೆ ತಿಳಿಸಿಯೇ ತೋರಿಸುತ್ತಾಳೆ, ನಿಜ. ಆದರೆ ಆ ಹೆಂಗಸರು ಕ್ಯಾಮೆರಾದಿಂದ ಮುಖ ತಿರುಗಿಸಿಕೊಂಡಿದ್ದಾರೆ. ಅವರನ್ನು ಯಾರೂ ಆಗ ಕೇಳಲಿಲ್ಲ, ಈಗ ಕೇಳಲು ಅವರಿಲ್ಲ. ಮುಖಗಳು ಸಾಕಿದ್ದವು. ಮೈ ಬೇಡವಾಗಿತ್ತು. ತೋರಿಸದಿದ್ದರೆ ಅಪರಾಧದ ಸಾಕ್ಷಿ ಮುಚ್ಚಿದಂತೆ ಎಂದು ನನ್ನ ಮೊಮ್ಮಗಳ ಸಮಾನಳಾದ ಆ ಹುಡುಗಿ ವಾದಿಸಿದಳು. ಇರಬಹುದು. ನಾನು ಒಪ್ಪಿಲ್ಲ.

ಆದರೆ ಒಂದು ಕಡೆ ಹೆರ್ಸೋನ್ಸ್ಕಿಗೆ ಕೈಮುಗಿದೆ. ಬೀದಿಯಲ್ಲಿ ಹೋಗುವವರು ನಡುವೆ ಕ್ಯಾಮೆರಾದತ್ತ ನೋಡುತ್ತಾರಲ್ಲ, ಅಲ್ಲಿ ಅವಳು ರೀಲನ್ನು ನಿಧಾನ ಮಾಡುತ್ತಾಳೆ. ತೆಗೆದವನಿಗೆ ಆ ನೋಟ ತಪ್ಪು, ಕತ್ತರಿಸಿ ಎಸೆಯುವಂಥದ್ದು. ಅವಳಿಗೆ ಅದೇ ಬೇಕಾದದ್ದು. ಆ ನೋಟದಲ್ಲಿ ಅವರು ಯಾರ ಆಟವನ್ನೂ ಆಡುತ್ತಿಲ್ಲ.

ಹಳೆಯದನ್ನು ಮುಟ್ಟಲೇಬಾರದು ಎಂದು ನಾನು ಹೇಳುತ್ತಿಲ್ಲ. ಉಳಿಸಿಕೊಳ್ಳದ ದುಃಖ ಕನ್ನಡದವರಿಗೆ ಗೊತ್ತಿದೆ. ನಮ್ಮ ಮೊದಲ ವಾಕ್ಚಿತ್ರ, 1934ರ 'ಸತಿ ಸುಲೋಚನ', ಇಂದು ನೋಡಲು ಒಂದು ಪ್ರತಿಯೂ ಇಲ್ಲ. ಮತ್ತೆ ಬಳಸುವುದೂ ತಪ್ಪಲ್ಲ. ನಮ್ಮ ಕಡೆಯ ಹೆಂಗಸರು ಕೌದಿ ಹೊಲಿಯುವುದೇ ಹಳೆಯ ಸೀರೆಯಲ್ಲಿ. ದೊಡ್ಡವ್ವ ಹೊಲಿದ ಕೌದಿ ನನ್ನ ಮನೆಯಲ್ಲಿದೆ. ಹಾಸಿ ಕೂತರೆ ಸಾಕು, ಇದು ನಿಮ್ಮವ್ವನ ಇಳಕಲ್ ಸೀರಿ, ಇದು ನಿನ್ನ ತೊಟ್ಟಿಲ ಅರಿವಿ ಎಂದು ಬೆರಳಿಟ್ಟು ಹೇಳುತ್ತಿದ್ದಳು. ತುಂಡು ಎಲ್ಲಿಂದ ಬಂತು ಎಂಬುದು ಹೊಲಿದವಳಿಗೆ ನೆನಪಿತ್ತು. ಹುಡುಕುವ ಪೆಟ್ಟಿಗೆಗೆ 'ಅಳುವ ಮುದುಕಿ' ಎಂದಷ್ಟೇ ಬರೆದುಕೊಟ್ಟವನು ನೆನಪನ್ನು ಬಾಗಿಲ ಹೊರಗೇ ಬಿಟ್ಟ.

ಹುಡುಗಿ ಸುಮ್ಮನಿರಲಿಲ್ಲ. ಪರಿಚಯದವರನ್ನು ಹಿಡಿದು ಆ ವಾಹಿನಿಯಲ್ಲಿ ಅಸಲು ಟೇಪನ್ನು ಹುಡುಕಿಸಿದಳು. ಧ್ವನಿ ಸಿಕ್ಕರೆ ಅಜ್ಜಿಯ ಒದರಾಟ ಕೇಳಬಹುದಲ್ಲ ಎಂದು. ಆ ಟೇಪಿನ ಮೇಲೆ ಎಂದೋ ಬೇರೆ ಏನನ್ನೋ ತುಂಬಿದ್ದರಂತೆ. ಉಳಿದಿರುವುದು ಶಹನಾಯಿ ಅಂಟಿಸಿದ ಐದು ಸೆಕೆಂಡು ಮಾತ್ರ. ವೈನಿಗೆ ಇದನ್ನು ಹೇಳಿದಾಗ ಬಹಳ ಹೊತ್ತು ಮಾತಾಡಲಿಲ್ಲ.

2019ರ ಆ ದಿನಗಳಲ್ಲಿ ವೈನಿ ಟಿ.ವಿ. ಮುಂದೆ ಕಾದು ಕೂತು ಮೊಬೈಲಿನಲ್ಲಿ ಹಿಡಿದುಕೊಂಡ ಒಂದು ಚಿತ್ರವಿದೆ. ನಮ್ಮ ಟಿ.ವಿ.ಯ ಮೇಲಿನ ಗಣಪತಿಯೂ ಅದರಲ್ಲಿ ಅರ್ಧ ಬಂದಿದ್ದಾನೆ. ಹುಡುಗಿ ಅದನ್ನು ತನ್ನ ಕಂಪ್ಯೂಟರಿಗೆ ಹಾಕಿಕೊಂಡು, ಫೋನಿನಲ್ಲಿ ತಾಯಿಯನ್ನು ಒಂದೊಂದಾಗಿ ಕೇಳಿ ಬರೆದುಕೊಂಡಳು. ಹೆಸರು, ಊರು, ತಾರೀಖು, ಯಾವ ಗೋಡೆ, ಎಡಗಡೆ ಕಾಣುವ ಕೊಂಬು ಯಾರ ಎಮ್ಮೆಯದು. ಏನು ಹೇಳುತ್ತಿದ್ದಾರೆ ಎಂಬಲ್ಲಿಗೆ ಬಂದಾಗ ವೈನಿ, "ಹಗ್ಗ ಹಿಡಿ ಅಂತ ಬರಿ," ಅಂದಳು. ಆಮೇಲೆ ತಡೆದು, "ಮೂಳ ಅಂದದ್ದೂ ಬರಿ," ಅಂದಳು.

ಎಮ್ಮೆ ಏನಾಯಿತು ಎಂದು ಕೇಳುವವರಿದ್ದೀರಿ, ನನಗೆ ಗೊತ್ತು. ಬದುಕಿತು. ತಾನಾಗಿ ಈಜಿ ದಂಡೆ ಹತ್ತಿತು. ಆಮೇಲೆ ಎರಡು ಸಲ ಈಯಿತು.